ಚತುರ್ಥೀ ವಿಭಕ್ತಿ

ಆ ಫೈಲಿಗೆ ನಾನಿಟ್ಟಿದ್ದ ಹೆಸರು ‘ಅಳು, ಹೆಂಗಸು, ದೂರ, 3’. ಹದಿನೈದು ವರ್ಷ ಅದು ನನ್ನ ಹತ್ತಿರ ಇತ್ತು. ಹನ್ನೊಂದು ಸಿನಿಮಾಗಳಿಗೆ ಅದನ್ನು ಹಾಕಿದ್ದೇನೆ. ಊರಗೌಡನ ಹೆಣ ಅಂಗಳಕ್ಕೆ ಬಂದಾಗ, ಬಸ್ಸು ಕಮರಿಗೆ ಉರುಳಿದ ಮೇಲೆ ಆಸ್ಪತ್ರೆಯ ಮುಂದೆ, ನಾಯಕಿಯ ತಂದೆ ತೀರಿಕೊಂಡ ರಾತ್ರಿ ಕಿಟಕಿಯಾಚೆಯಿಂದ. ಆ ಅಳುವಿನಲ್ಲಿ ಮಾತಿಲ್ಲ, ಹೆಸರು ಹಿಡಿದು ಕರೆಯುವುದಿಲ್ಲ. ಹಾಗಾಗಿ ಯಾವ ಕಥೆಗೂ ಒಗ್ಗುತ್ತಿತ್ತು. ನಡುವೆ ಒಂದು ಕಡೆ ಉಸಿರು ಸಿಕ್ಕಿಕೊಂಡು, ಬಿಕ್ಕಳಿಕೆಯಂಥ ಸಣ್ಣ ಸದ್ದಾಗಿ, ಮತ್ತೆ ಮೇಲಕ್ಕೆ ಏರುತ್ತದೆ. ಡಬ್ಬಿಂಗ್ ಥಿಯೇಟರಿನಲ್ಲಿ ಎಷ್ಟು ದೊಡ್ಡ ನಟಿ ಅತ್ತರೂ ಆ ಸಿಕ್ಕು ಬರುತ್ತಿರಲಿಲ್ಲ.

2016ರ ಬೇಸಿಗೆಯಲ್ಲಿ ಅಮ್ಮನನ್ನು ತೀರ್ಥಹಳ್ಳಿಗೆ ಸಿನಿಮಾಕ್ಕೆ ಕರೆದುಕೊಂಡು ಹೋಗಿದ್ದೆ. ಮಗ ಕೆಲಸ ಮಾಡಿದ ಚಿತ್ರ ಅಂತ ಅವಳು ರೇಷ್ಮೆ ಸೀರೆ ಉಟ್ಟು ಬಂದಿದ್ದಳು. ಇಂಟರ್ವಲ್ ಆಗಿ ಸ್ವಲ್ಪ ಹೊತ್ತಿಗೆ ಸಾವಿನ ದೃಶ್ಯ ಬಂತು. ಅಮ್ಮ ನನ್ನ ಮೊಣಕೈ ಹಿಡಿದಳು.

“ಇದು ಮೇಲಿನಮನೆಯವಳು ಅತ್ತಿದ್ದಲ್ಲವನಾ?”

ನಾನು ಸುಮ್ಮನೆ ಕೂತೆ. ಪರದೆಯ ಮೇಲೆ ಯಾರೋ ಯಾರಿಗೋ ಅಳುತ್ತಿದ್ದರು. ಅಮ್ಮ ಮಾತ್ರ ಪರದೆ ನೋಡುತ್ತಿರಲಿಲ್ಲ, ನನ್ನನ್ನು ನೋಡುತ್ತಿದ್ದಳು.

ಅವಳು ಹೇಳಿದ್ದು ನಿಜ. 2001ರ ಮಳೆಗಾಲದಲ್ಲಿ ಹೊಸ ಮಿನಿಡಿಸ್ಕ್ ರೆಕಾರ್ಡರ್ ತೆಗೆದುಕೊಂಡು ಊರಿಗೆ ಬಂದಿದ್ದೆ. ಕಪ್ಪೆ, ಜೀರುಂಡೆ, ಹೆಂಚಿನ ಮೇಲೆ ಬೀಳುವ ಮಳೆ, ಇವನ್ನೆಲ್ಲ ತುಂಬಿಕೊಂಡು ಹೋಗುವುದು ನನ್ನ ಉದ್ದೇಶ. ಮೂರನೆಯ ದಿನ ಮೇಲಿನಮನೆಯ ಯಜಮಾನರು ತೀರಿಕೊಂಡರು. ಅಡಿಕೆ ಮರದಿಂದ ಬಿದ್ದಿದ್ದರು. ಎಲ್ಲರೂ ಓಡಿದರು, ನಾನೂ ಓಡಿದೆ. ರೆಕಾರ್ಡರ್ ಹೆಗಲಲ್ಲೇ ಇತ್ತು. ತೋಟದ ಅಂಚಿನಲ್ಲಿ ನಿಂತು ಹನ್ನೆರಡು ನಿಮಿಷ ಹಿಡಿದೆ. ಆಗ ನನಗೆ ಇಪ್ಪತ್ತಾರು ವರ್ಷ. ಮಾಡುತ್ತಿರುವುದು ತಪ್ಪು ಎಂದು ಒಂದು ಗಳಿಗೆಯೂ ಅನ್ನಿಸಲಿಲ್ಲ.

ಶಬ್ದ ಸಂಕಲನದ ಕೆಲಸ ಹೊರಗಿನವರಿಗೆ ಅಷ್ಟಾಗಿ ಗೊತ್ತಿರುವುದಿಲ್ಲ, ಅದಕ್ಕೆ ಸ್ವಲ್ಪ ಹೇಳುತ್ತೇನೆ. ನಾನು 1998ರಲ್ಲಿ ಬೆಂಗಳೂರಿನಲ್ಲಿ ಸಹಾಯಕನಾಗಿ ಸೇರಿದಾಗ ನಮ್ಮ ಚಿತ್ರಗಳಲ್ಲಿ ಶೂಟಿಂಗ್ ಜಾಗದ ಶಬ್ದ ಉಳಿಯುತ್ತಿದ್ದದ್ದು ತೀರ ಕಡಿಮೆ. ಅಲ್ಲಿ ಹಿಡಿದದ್ದು ಬರೀ ಪೈಲಟ್ ಟ್ರ್ಯಾಕ್, ಡಬ್ಬಿಂಗ್‌ನಲ್ಲಿ ತುಟಿ ಹೊಂದಿಸಿಕೊಳ್ಳುವುದಕ್ಕೆ. ಮಾತು ಮುಗಿದ ಮೇಲೆ ಉಳಿದದ್ದೆಲ್ಲ ಖಾಲಿ. ನಾಯಕ ನಡೆದರೆ ಹೆಜ್ಜೆಯಿಲ್ಲ, ಬಾಗಿಲು ತೆಗೆದರೆ ಕಿರುಗುಟ್ಟುವುದಿಲ್ಲ, ಅಮ್ಮ ಪಾತ್ರೆ ಇಟ್ಟರೆ ಸದ್ದಿಲ್ಲ. ಆ ಖಾಲಿಯನ್ನು ತುಂಬುವುದು ನಮ್ಮ ಕೆಲಸ. ಸೆಕೆಂಡಿಗೆ 24 ಫ್ರೇಮ್. ಹೆಜ್ಜೆ ಎರಡು ಫ್ರೇಮ್ ತಡವಾದರೂ ನಮ್ಮ ಕಣ್ಣಿಗೆ ಮನುಷ್ಯ ತೇಲಿದ ಹಾಗೆ ಕಾಣುತ್ತದೆ. ಎಫೆಕ್ಟ್ಸ್ ಥಿಯೇಟರಿನಲ್ಲಿ ಕರಟ ಕುಟ್ಟಿ ಕುದುರೆ ಓಡಿಸುವವರು, ಒದ್ದೆ ಬಟ್ಟೆ ಹಿಂಡಿ ರಕ್ತ ಸುರಿಸುವವರು, ಗರಿಗರಿ ಪ್ಲಾಸ್ಟಿಕ್ ಹಾಳೆ ಮುದುರಿ ಬೆಂಕಿ ಹೊತ್ತಿಸುವವರು ಇದ್ದರು. ಹಾಲಿವುಡ್‌ನ ಯೂನಿವರ್ಸಲ್ ಸ್ಟುಡಿಯೋದಲ್ಲಿ ಈ ವಿದ್ಯೆಯನ್ನು ಬೆಳೆಸಿದ ಜಾಕ್ ಫೋಲಿಯ ಹೆಸರೇ ಈ ಕೆಲಸಕ್ಕೆ ನಿಂತಿದೆ. ಎಲ್ಲ ಮುಗಿಸಿ ಫೈನಲ್ ಮಿಕ್ಸಿಂಗ್‌ಗೆ ರಾತ್ರಿ ರೈಲಿನಲ್ಲಿ ಮದ್ರಾಸಿಗೆ ಹೋಗುತ್ತಿದ್ದೆವು.

ಈ ಕೆಲಸದ ಮೇಲೆ ನನಗೆ ಇವತ್ತಿಗೂ ಗೌರವವಿದೆ. ಕರಟ ಕುಟ್ಟಿದವರು ಸಿನಿಮಾಕ್ಕೆಂದೇ ಕುಟ್ಟಿದರು. ಆ ಸದ್ದು ಹುಟ್ಟಿದ್ದೇ ಆ ಕುದುರೆಗೆ. ಅದರಲ್ಲಿ ಯಾರಿಗೂ ಮೋಸವಿಲ್ಲ. ನನ್ನ ತಪ್ಪು ಇದ್ದದ್ದು ಬೇರೆ ಕಡೆ, ಲೈಬ್ರರಿಯಲ್ಲಿ. ನಾನು ಊರೂರು ತಿರುಗಿ ಹಿಡಿದು ತಂದ ಸಾವಿರಾರು ಸದ್ದುಗಳಿದ್ದವು: ಸಂತೆ, ಜಾತ್ರೆ, ನಗಾರಿ, ಭಜನೆ, ಹೆರಿಗೆ ಮನೆಯ ಹೊರಗಿನ ಪಿಸುಮಾತು, ಅಳು. ಸದ್ದಿಗೆ ಒಡೆಯರಿಲ್ಲ ಎಂದು ನಂಬಿದ್ದೆ. ಹುಟ್ಟಿದ ಜಾಗದಿಂದ ಬಿಡಿಸಿ ತಂದರೆ ಅದು ಗಾಳಿಯಂತೆ ಎಲ್ಲರದ್ದು. ಕೇಳುವವನಿಗೆ ಒಪ್ಪಿಗೆಯಾದರೆ ಅಲ್ಲಿಗೆ ಮುಗಿಯಿತು. “ಯಾರ ಅಳು?” ಎಂದು ಹತ್ತೊಂಬತ್ತು ವರ್ಷದಲ್ಲಿ ಒಬ್ಬ ನಿರ್ದೇಶಕನೂ ಕೇಳಲಿಲ್ಲ, ನಾನೂ ಕೇಳಿಕೊಳ್ಳಲಿಲ್ಲ. ಕೇಳಿದವಳು ಅಮ್ಮ.

ಸಿನಿಮಾ ನೋಡಿ ಬಂದ ಮರುದಿನವೇ ಮೇಲಿನಮನೆಗೆ ಹೋದೆ. ಅಂದು ಅತ್ತಿದ್ದ ಚಿಕ್ಕಮ್ಮ ಜಗಲಿಯಲ್ಲಿ ಅಡಿಕೆ ಸುಲಿಯುತ್ತಿದ್ದರು. ಇದ್ದದ್ದನ್ನು ಇದ್ದ ಹಾಗೆ ಹೇಳಿದೆ. ಬೈಯುತ್ತಾರೆ ಅಂದುಕೊಂಡಿದ್ದೆ, ಬೈಯಲಿಲ್ಲ. “ಕೇಳಿಸು” ಅಂದರು. ಫೋನಿನಲ್ಲಿತ್ತು, ಕಿವಿಯ ಹತ್ತಿರ ಹಿಡಿದೆ. ಕೇಳುವಾಗ ಅವರ ಕೈಯ ಮೆಟ್ಟುಗತ್ತಿ ನಿಂತಿತು. ಮುಗಿದ ಮೇಲೆ ತುಂಬ ಹೊತ್ತು ಬಿಟ್ಟು ಕೇಳಿದರು:

“ಹನ್ನೊಂದು ಸಿನಿಮಾ ಅಂದ್ಯಲ್ಲ. ಅದರಲ್ಲೆಲ್ಲ ಇದು ಯಾರಿಗೆ ಅತ್ತಿದ್ದು ಅಂತ ಇದೆ?”

ಯಾರಿಗೆ. ಶಾಲೆಯಲ್ಲಿ ವಿಭಕ್ತಿ ಪ್ರತ್ಯಯ ಬಾಯಿಪಾಠ ಮಾಡಿಸುತ್ತಿದ್ದರು. ಪ್ರಥಮಾ ಉ, ದ್ವಿತೀಯಾ ಅನ್ನು, ತೃತೀಯಾ ಇಂದ, ಚತುರ್ಥೀ ಗೆ, ಇಗೆ, ಕ್ಕೆ, ಅಕ್ಕೆ. ನನ್ನ ಫೈಲಿನ ಹೆಸರಿನಲ್ಲಿ ಏನು ಎಂಬುದಿತ್ತು, ಎಂಥದ್ದು ಎಂಬುದಿತ್ತು, ಎಷ್ಟು ದೂರ ಎಂಬುದೂ ಇತ್ತು. ಆ ಒಂದು ‘ಗೆ’ ಇರಲಿಲ್ಲ.

2017ರಲ್ಲಿ ಸಿನಿಮಾದ ಕೆಲಸ ಬಿಟ್ಟೆ. ದುಡ್ಡಿನ ಕಷ್ಟ, ಮನೆಯವರ ಆತಂಕ, ಕೊಟ್ಟ ಮುಂಗಡ ವಾಪಸು ಮಾಡಿದ್ದು, ಎಲ್ಲರ ಮನೆಯಲ್ಲೂ ಆಗುವಂಥದ್ದೇ. ಅದನ್ನು ಬೆಳೆಸುವುದಿಲ್ಲ. ಒಂದು ಕ್ಯಾಮೆರಾ, ಎರಡು ಮೈಕು, ಒಂದು ರೆಕಾರ್ಡರ್ ಇಟ್ಟುಕೊಂಡು ಸಾಕ್ಷ್ಯಚಿತ್ರ ಮಾಡಲು ಹೊರಟೆ. ಶಬ್ದದ ಕಡೆಯಿಂದ ಸಾಕ್ಷ್ಯಚಿತ್ರಕ್ಕೆ ಬಂದವರು ಬೇರೆಯವರೂ ಇದ್ದಾರೆ. ಹಾಲಿವುಡ್‌ನ ದೊಡ್ಡ ದೊಡ್ಡ ಚಿತ್ರಗಳಲ್ಲಿ ಸೌಂಡ್ ಎಡಿಟರ್ ಆಗಿದ್ದ ಮಿಜ್ ಕಾಸ್ಟಿನ್, ಸಿನಿಮಾ ಶಬ್ದದ ಕಥೆಯನ್ನೇ ಹೇಳುವ ‘ಮೇಕಿಂಗ್ ವೇವ್ಸ್’ ಎಂಬ ಸಾಕ್ಷ್ಯಚಿತ್ರವನ್ನು 2019ರಲ್ಲಿ ತೆರೆಗೆ ತಂದರು. ಅವರು ತಮ್ಮ ಕಸುಬಿಗೆ ಸಲ್ಲಬೇಕಾದ ಮರ್ಯಾದೆ ಸಲ್ಲಿಸಲು ಬಂದರು. ನಾನು ಬಂದದ್ದು ನನ್ನ ಕಸುಬಿನಲ್ಲಿ ಉಳಿದುಹೋದ ಒಂದು ಪ್ರಶ್ನೆ ಹಿಡಿದುಕೊಂಡು.

ಆ ದಿನಗಳಲ್ಲಿ ಮತ್ತೆ ಮತ್ತೆ ನೋಡಿದ ಚಿತ್ರಗಳು ಎರಡು. ಒಂದು ರಾಬರ್ಟ್ ಗಾರ್ಡ್ನರ್ ಅವರು ಕಾಶಿಯ ಬಗ್ಗೆ ಮಾಡಿದ, 1986ರ ‘ಫಾರೆಸ್ಟ್ ಆಫ್ ಬ್ಲಿಸ್’. ನಿರೂಪಣೆಯಿಲ್ಲ, ಜನ ಆಡುವ ಮಾತಿಗೆ ಅಡಿಬರಹವೂ ಇಲ್ಲ. ದೋಣಿಯ ಹುಟ್ಟು ನರಳುವುದು, ಸೌದೆ ಬೀಳುವುದು, ನಾಯಿ, ಗಂಟೆ. ಇನ್ನೊಂದು ಜರ್ಮನಿಯ ಫಿಲಿಪ್ ಗ್ರೋನಿಂಗ್ ಅವರ ‘ಇನ್‌ಟು ಗ್ರೇಟ್ ಸೈಲೆನ್ಸ್’, 2005ರದ್ದು. ಫ್ರಾನ್ಸಿನ ಆಲ್ಪ್ಸ್ ಬೆಟ್ಟದ ಗ್ರಾಂದ್ ಶಾರ್ತ್ರೂಸ್ ಮಠದ ಮೌನಿ ಸನ್ಯಾಸಿಗಳ ಚಿತ್ರ. ಗ್ರೋನಿಂಗ್ 1984ರಲ್ಲಿ ಅನುಮತಿ ಕೇಳಿದ್ದರು. ಮಠದವರು ‘ಈಗ ಬೇಡ’ ಅಂದರು. ಹದಿನಾರು ವರ್ಷದ ಮೇಲೆ ‘ಬಾ’ ಅಂದರು. ಒಬ್ಬರೇ ಹೋಗಿ ಅವರ ಜೊತೆ ತಿಂಗಳುಗಟ್ಟಲೆ ಇದ್ದು, ಕೃತಕ ದೀಪ ಉರಿಸದೆ, ಹೊರಗಿನ ಸಂಗೀತ ಸೇರಿಸದೆ ಚಿತ್ರ ಮಾಡಿದರು. ರಾತ್ರಿ ಕತ್ತಲಲ್ಲಿ ಒಂದೇ ಹಣತೆ, ಸನ್ಯಾಸಿಗಳ ಸ್ತೋತ್ರ. ಆ ಸ್ತೋತ್ರ ನನಗೆ ಅಲ್ಲ, ಕ್ಯಾಮೆರಾಕ್ಕೂ ಅಲ್ಲ. ಅದು ಹೋಗುತ್ತಿರುವ ಕಡೆ ಬೇರೆ ಇದೆ, ನಾನು ದಾರಿಯ ಬದಿಯಲ್ಲಿ ನಿಂತಿದ್ದೇನೆ. ಹಾಗೆ ನಿಲ್ಲುವುದನ್ನು ಕಲಿಯಬೇಕು ಅನ್ನಿಸಿತು.

ನನ್ನ ಚಿತ್ರದ ವಿಷಯ ಊರ ಹತ್ತಿರವೇ ಸಿಕ್ಕಿತು. ತುಂಗೆಯ ದಂಡೆಯ ಒಂದು ಹಳ್ಳಿಯ ಈಶ್ವರ ದೇವಸ್ಥಾನ. ಅಲ್ಲಿ ಮೂರು ಹೊತ್ತಿನ ಪೂಜೆಗೆ ನಗಾರಿ ಬಾರಿಸುವ ಮನೆತನ ಒಂದಿತ್ತು. ಈಗ ಮೆಶಿನ್ ಬಂದಿದೆ. ನೀವೂ ನೋಡಿರುತ್ತೀರಿ: ಕಬ್ಬಿಣದ ಚೌಕಟ್ಟು, ನಡುವೆ ನಗಾರಿ, ಪಕ್ಕಕ್ಕೆ ಜಾಗಟೆ, ಮೇಲೆ ಗಂಟೆಗಳು, ಕೆಳಗೆ ಸಣ್ಣ ಮೋಟರು. ಸ್ವಿಚ್ ಒತ್ತಿದರೆ ಮೋಟರು ತಿರುಗಿ ಕೋಲುಗಳು ಎದ್ದು ಬೀಳುತ್ತವೆ. ಮುಂದಿನ ಪಟ್ಟಿಯ ಮೇಲೆ ಸೇವಾಕರ್ತರ ಹೆಸರು, ಯಾರ ಸ್ಮರಣಾರ್ಥ ಎಂಬುದು. ಮಂಗಳಾರತಿಯ ಹೊತ್ತಿಗೆ ಅರ್ಚಕರ ಮಗ ಬಂದು ಸ್ವಿಚ್ ಒತ್ತುತ್ತಾನೆ. ಒಂದೇ ಲಯ, ಒಂದೇ ಜೋರು, ಮಳೆಗಾಲಕ್ಕೂ ಬೇಸಿಗೆಗೂ ವ್ಯತ್ಯಾಸವಿಲ್ಲ. ನನಗೆ ಸಿಟ್ಟು ಬಂದಿತ್ತು. ಯಂತ್ರ ಮನುಷ್ಯನನ್ನು ದೇವರ ಎದುರಿನಿಂದ ಎಬ್ಬಿಸಿತು ಎಂಬುದೇ ಚಿತ್ರ ಎಂದು ಮನಸ್ಸಿನಲ್ಲಿ ಬರೆದುಕೊಂಡೇ ಹೋದೆ.

ನಗಾರಿಯ ಅಜ್ಜನಿಗೆ ಎಂಬತ್ತು ಸಮೀಪಿಸಿತ್ತು. ಬಲ ಭುಜ ಏಳುತ್ತಿರಲಿಲ್ಲ, ಎಡ ಕಿವಿ ಮಂದ. ಅವರ ಅಪ್ಪನ ಕಾಲದಲ್ಲಿ ನಗಾರಿಯ ಉಂಬಳಿ ಅಂತ ಒಂದು ಗದ್ದೆ ಇತ್ತು. 1955ರ ಇನಾಂ ರದ್ದತಿ ಕಾಯ್ದೆ ಬಂದ ಮೇಲೆ ಸೇವೆಗೂ ನೆಲಕ್ಕೂ ಇದ್ದ ಗಂಟು ಬಿಚ್ಚಿತು, ಸೇವೆ ಮಾತ್ರ ಮುಂದುವರಿಯಿತು. ಅವರು ಒಮ್ಮೆಯೂ ಗರ್ಭಗುಡಿಯ ಹತ್ತಿರ ಹೋದವರಲ್ಲ. ಅವರ ಜಾಗ ಹೊರಗಿನ ಪೌಳಿ, ಕಂಬದ ಮರೆ. ಆರತಿ ಎತ್ತಿದ್ದು ಅಲ್ಲಿಂದ ಕಾಣುವುದಿಲ್ಲ.

“ಮತ್ತೆ ಯಾವಾಗ ಶುರು ಮಾಡಬೇಕು ಅಂತ ಹೇಗೆ ಗೊತ್ತಾಗುತ್ತಿತ್ತು ಅಜ್ಜಾ?”

“ಒಳಗೆ ಕೈಗಂಟೆ ಅಯ್ಯಾ. ಅದರ ನಾಲಿಗೆ ಒಂದು ಸಲ ಸುಮ್ಮನೆ ತಾಗುತ್ತದೆ, ಭಟ್ಟರು ಎತ್ತಿಕೊಳ್ಳುವಾಗ. ಬಾರಿಸೋದಕ್ಕೆ ಮುಂಚೆ. ಆ ಒಂದು ಸದ್ದು ಸಾಕು.”

ಅರವತ್ತು ವರ್ಷ ಅವರು ದೇವರನ್ನು ಕೇಳಿಸಿಕೊಂಡಿದ್ದು ಆ ಒಂದು ‘ಟಿಣ್’ನಲ್ಲಿ. ಅದನ್ನು ಬರೆಯುವಾಗ ಈಗಲೂ ನನ್ನ ಗಂಟಲು ಕಟ್ಟುತ್ತದೆ. ಅವರನ್ನು ಆ ಕಂಬದ ಮರೆಯಲ್ಲಿ ನಿಲ್ಲಿಸಿದವರಲ್ಲಿ ನನ್ನ ಹಿರಿಯರೂ ಇದ್ದರು.

ಮೆಶಿನ್ ಬಗ್ಗೆ ಅವರ ಬಾಯಿಂದ ಸಿಟ್ಟಿನ ಮಾತು ಬರಲಿ ಎಂದು ಕಾದೆ. ಬರಲಿಲ್ಲ. “ಹುಡುಗರು ಶಿವಮೊಗ್ಗದಲ್ಲಿದ್ದಾರೆ, ನನ್ನ ಕೈ ಏಳುವುದಿಲ್ಲ. ಪೂಜೆ ನಿಲ್ಲಿಸಲಿಕ್ಕಾಗುತ್ತದಾ?” ಅಂದರು. ಅಷ್ಟೇ. ನನ್ನ ಚಿತ್ರ ಅಲ್ಲಿಗೆ ಕುಸಿದುಬಿತ್ತು.

2021ರ ಕಾರ್ತಿಕ, ದೀಪೋತ್ಸವದ ರಾತ್ರಿ. ಹಿಂದಿನ ದಿನದಿಂದ ಅಕಾಲದ ಮಳೆ. ಸರಿಯಾಗಿ ಮಹಾಮಂಗಳಾರತಿಗೆ ಕರೆಂಟು ಹೋಯಿತು, ಮೆಶಿನ್ ನಿಂತಿತು. ಯಾರೋ “ಅಜ್ಜಾ” ಎಂದು ಕೂಗಿದರು. ಹಳೆಯ ನಗಾರಿ ಪೌಳಿಯ ಮೂಲೆಯಲ್ಲೇ ಇತ್ತು. ಅಜ್ಜ ಎದ್ದು ಬಂದು ಎಡಗೈಯಲ್ಲಿ ಕೋಲು ಹಿಡಿದರು. ಬಲಗೈಯನ್ನು ನಗಾರಿಯ ಅಂಚಿಗೆ ಆನಿಸಿಕೊಂಡರು. ಒಳಗಿನಿಂದ ಆ ‘ಟಿಣ್’ ಬಂತು. ಹನ್ನೊಂದು ನಿಮಿಷ ಬಾರಿಸಿದರು. ಜನರೇಟರು ಶುರುವಾಗುವವರೆಗೆ.

ನಾನು ಪಕ್ಕದಲ್ಲೇ ಇದ್ದೆ. ಎಣ್ಣೆ ದೀಪದ ಬೆಳಕಿನಲ್ಲಿ ಚಿತ್ರ ಚೆನ್ನಾಗಿಯೇ ಬಂತು. ಶಬ್ದ ಹಾಳಾಯಿತು. ಅದುವರೆಗೆ ಒಳಗಿನ ಮಂತ್ರ ಸಣ್ಣಗೆ ಕೇಳುತ್ತಿದ್ದುದನ್ನು ಹಿಡಿಯಲು ಲೆವೆಲ್ ಮೇಲಕ್ಕೆ ಇಟ್ಟಿದ್ದೆ, ಇಳಿಸಲು ಮರೆತೆ. ಒಂದು ಮೊಳ ದೂರದ ನಗಾರಿಯ ಪ್ರತಿ ಪೆಟ್ಟಿಗೂ ಅಲೆಯ ತಲೆ ಕತ್ತರಿಸಿಹೋಗಿತ್ತು. ಹೆಡ್‌ಫೋನಿನಲ್ಲಿ ಕೇಳಿದರೆ ಹರಿದ ತಗಡು ಬಡಿದ ಹಾಗೆ. ಹತ್ತೊಂಬತ್ತು ವರ್ಷ ಇದೇ ಕೆಲಸ ಮಾಡಿದವನು ಮಾಡಬಾರದ ತಪ್ಪು ಅದು.

ಕೈ ತನ್ನಷ್ಟಕ್ಕೆ ಲೈಬ್ರರಿಗೆ ಹೋಯಿತು. ಅಲ್ಲಿ ನಗಾರಿ ಇತ್ತು, ಬಯಲುಸೀಮೆಯ ಒಂದು ಜಾತ್ರೆಯಲ್ಲಿ 2008ರಲ್ಲಿ ಹಿಡಿದದ್ದು. ಒಂದು ರಾತ್ರಿ ಕೂತು ಪೆಟ್ಟಿಗೆ ಪೆಟ್ಟು ಹೊಂದಿಸಿದೆ, ಒಂದು ಫ್ರೇಮ್ ಹೆಚ್ಚುಕಡಿಮೆಯಿಲ್ಲದೆ. ಅದ್ಭುತವಾಗಿತ್ತು. ಅಜ್ಜನಿಗೆ ತೋರಿಸಿದೆ. ಬಲ ಕಿವಿಯನ್ನು ಸ್ಪೀಕರಿನ ಹತ್ತಿರ ತಂದು ಪೂರ್ತಿ ಕೇಳಿದರು. “ಚೆನ್ನಾಗಿದೆಯಲ್ಲ, ಹಾಕಿ” ಅಂದರು. ಅದು ತಮ್ಮ ಕೈಯದ್ದಲ್ಲ ಎಂದು ತಿಳಿದಿತ್ತೋ ಇಲ್ಲವೋ, ಮುಖದಲ್ಲಿ ಕಾಣಲಿಲ್ಲ. ನಾನೇ ಹೇಳಿದೆ. “ಹಾಗಾದರೆ ನಾಳೆ ಬನ್ನಿ, ಇನ್ನೊಂದು ಸಲ ಬಾರಿಸುತ್ತೇನೆ” ಅಂದರು.

ಯಾರಿಗೆ ಅನ್ಯಾಯವಾಗಬೇಕೋ ಅವರೇ ಒಪ್ಪಿದ ಮೇಲೆ ತಪ್ಪು ಎಲ್ಲಿ ಉಳಿಯಿತು? ಈ ಪ್ರಶ್ನೆ ಹೊತ್ತುಕೊಂಡು ಸೋದರಮಾವನ ಹತ್ತಿರ ಹೋದೆ. ಮಾವ ಮೈಸೂರಿನ ಸಂಸ್ಕೃತ ಪಾಠಶಾಲೆಯಲ್ಲಿ ಪೂರ್ವಮೀಮಾಂಸೆ ಓದಿದವರು, ಈಗ ತೋಟ ನೋಡಿಕೊಂಡಿದ್ದಾರೆ. ಮೊದಲು ನನ್ನ ಹಳೆಯ ನಂಬಿಕೆಯನ್ನೇ ಮುಂದಿಟ್ಟೆ: ಶಬ್ದ ನಿತ್ಯ ಅಂತ ಮೀಮಾಂಸಕರೇ ಹೇಳುತ್ತಾರಲ್ಲ, ನಿತ್ಯವಾದದ್ದಕ್ಕೆ ಒಡೆಯ ಯಾರು?

“ಅವರು ನಿತ್ಯ ಅಂದಿದ್ದು ವರ್ಣವನ್ನು ಮಾರಾಯ, ಧ್ವನಿಯನ್ನಲ್ಲ. ಧ್ವನಿ ಹುಟ್ಟುತ್ತದೆ, ಸಾಯುತ್ತದೆ. ನಿನ್ನ ನಗಾರಿ ಧ್ವನಿ.”

ನೈಯಾಯಿಕರಾದರೆ ಇನ್ನೂ ಕಟ್ಟುನಿಟ್ಟು. ಅವರ ಪ್ರಕಾರ ಎಲ್ಲ ಶಬ್ದವೂ ಅನಿತ್ಯವೇ. ಎರಡು ವಸ್ತು ತಾಗಿದಾಗ ಅಥವಾ ಬೇರೆಯಾದಾಗ ಹುಟ್ಟಿ, ನೀರಿನ ಅಲೆಯಿಂದ ಅಲೆ ಏಳುವಂತೆ ಒಂದರಿಂದ ಒಂದು ಹುಟ್ಟುತ್ತ ಕಿವಿಗೆ ಬರುತ್ತದೆ.

ಆಮೇಲೆ ಮಾವ ಜೈಮಿನಿಯ ಮೀಮಾಂಸಾಸೂತ್ರದ ಆರನೆಯ ಅಧ್ಯಾಯದ ಮೂರನೆಯ ಪಾದ ತೆಗೆದರು. ಅಲ್ಲಿ ವಿಚಾರ ಪ್ರತಿನಿಧಿಯದ್ದು, ಒಂದರ ಬದಲಿಗೆ ಇನ್ನೊಂದನ್ನು ಇಡುವುದರದ್ದು. ಯಾಗಕ್ಕೆ ಭತ್ತ ಬೇಕು, ಸಿಗಲಿಲ್ಲ. ಬಿಡಬೇಕೇ? ಬೇಡ, ಅದಕ್ಕೆ ಹತ್ತಿರವಾದ ನೀವಾರವನ್ನು, ಕಾಡುಭತ್ತವನ್ನು, ತರಬಹುದು. ಸೋಮಲತೆ ಸಿಗದಿದ್ದರೆ ಪೂತೀಕ. ಆದರೆ ಈ ರಿಯಾಯಿತಿ ಇರುವುದು ನಿತ್ಯಕರ್ಮಕ್ಕೆ. ನಿತ್ಯಕರ್ಮ ನಿಲ್ಲಬಾರದು, ಹಾಗಾಗಿ ಕೈಲಾದಷ್ಟು ಮಾಡಿದರೆ ಸಾಕು. ಕಾಮ್ಯಕ್ಕೆ, ಅಂದರೆ ಬಯಸಿ ಮಾಡುವ ಕರ್ಮಕ್ಕೆ, ಅದಿಲ್ಲ. ಮಾಡು ಎಂದು ಯಾರೂ ಕಟ್ಟಿಹಾಕಿಲ್ಲ. ಮಾಡುವುದಾದರೆ ಎಲ್ಲ ಅಂಗಗಳೊಡನೆ ಮಾಡು, ಆಗದಿದ್ದರೆ ಬಿಡು.

ನಾನು ಎದ್ದು ಅಂಗಳಕ್ಕೆ ಹೋಗಿ ಬಂದೆ. ದೇವಸ್ಥಾನದ ಪೂಜೆ ನಿತ್ಯ. ಅಜ್ಜನ ಕೈ ಏಳದಿದ್ದಾಗ ಮೆಶಿನ್ ಬಂದದ್ದು ಭತ್ತದ ಬದಲಿಗೆ ಕಾಡುಭತ್ತ ಬಂದ ಹಾಗೆ. ನಾನು ಯಾವುದರ ಮೇಲೆ ಸಿಟ್ಟಾಗಿದ್ದೆನೋ ಅದಕ್ಕೆ ಶಾಸ್ತ್ರದ ಕ್ಷಮೆಯಿದೆ. ನನ್ನ ಚಿತ್ರ ಕಾಮ್ಯ. ಮಾಡು ಎಂದು ನನಗೆ ಯಾವ ವಿಧಿಯೂ ಹೇಳಲಿಲ್ಲ, ನಾನೇ ಬಯಸಿ ಹೊರಟವನು. ಬದಲಿ ಶಬ್ದ ಇಡುವ ಹಕ್ಕು ನನಗಿಲ್ಲ.

“ಇನ್ನೂ ಇದೆ ಕೂತುಕೋ” ಅಂದರು ಮಾವ. ನಿತ್ಯದಲ್ಲಿ ಕೂಡ ಕೆಲವಕ್ಕೆ ಬದಲಿ ಇಲ್ಲವೇ ಇಲ್ಲ. ಹವಿಸ್ಸಿನ ದ್ರವ್ಯಕ್ಕೆ ಇದೆ. ಸಂಬಳಕ್ಕೆ ಬಂದ ಋತ್ವಿಜನಿಗೆ ಇದೆ. ಯಾಗ ಮಾಡಿಸುವ ಯಜಮಾನನಿಗೆ ಇಲ್ಲ, ಮಂತ್ರಕ್ಕೆ ಇಲ್ಲ, ದೇವತೆಗೆ ಇಲ್ಲ. ಅಗ್ನಿಗೆ ಎಂದು ಹೊರಟದ್ದನ್ನು ಸೂರ್ಯನಿಗೆ ಕೊಡುವ ಹಾಗಿಲ್ಲ. ಸೂರ್ಯ ಕಡಿಮೆ ಎಂದಲ್ಲ. ಆಗ ಅದು ಆ ಕರ್ಮವೇ ಅಲ್ಲ.

“ದೇವತೆ ಅಂದರೆ ಮೈಕೈ ಇರುವವನು ಬಂದು ಕೂತು ತಿನ್ನುತ್ತಾನೆ ಅಂತ ಭಾಷ್ಯ ಬರೆದ ಶಬರಸ್ವಾಮಿ ಒಪ್ಪುವುದಿಲ್ಲ. ಅವರಿಗೆ ದೇವತೆ ಅಂದರೆ ಯಾರನ್ನು ಉದ್ದೇಶಿಸಿ ಕೊಟ್ಟೆಯೋ ಅದು. ಅಗ್ನಯೇ, ಇಂದ್ರಾಯ. ಅಷ್ಟೇ. ಚತುರ್ಥೀ ವಿಭಕ್ತಿ.”

ಮೇಲಿನಮನೆಯ ಜಗಲಿ ನೆನಪಾಯಿತು. ನಿಂತಿದ್ದ ಮೆಟ್ಟುಗತ್ತಿ ನೆನಪಾಯಿತು. ನಾಲ್ಕನೆಯ ಕ್ಲಾಸಿನವರೆಗೆ ಓದಿದ ಹೆಂಗಸು ಐದು ವರ್ಷದ ಹಿಂದೆಯೇ ಅದನ್ನು ಕೇಳಿದ್ದರು. ಒಬ್ಬ ಸತ್ತ ಗಂಡಸಿಗೆ, ಆ ಒಬ್ಬರಿಗೇ ಎಂದು ಹೊರಟ ಅಳುವನ್ನು ನಾನು ಹನ್ನೊಂದು ಸುಳ್ಳು ಹೆಣಗಳ ಮುಂದೆ ಸುರಿದು ಬಂದಿದ್ದೆ. ಬೇರೆ ಊರಿನ ನಗಾರಿ ಬೇರೆ ದೇವರಿಗೆ ಹೊರಟದ್ದು, ಅದನ್ನು ತಂದು ಈ ಈಶ್ವರನ ಮುಂದೆ ಬಡಿಸಲು ಹೊರಟಿದ್ದೆ. ಅಜ್ಜ ನಾಳೆ ಬಾರಿಸುತ್ತೇನೆ ಅಂದರಲ್ಲ, ಅದೂ ಇಲ್ಲಿಗೇ ಬಂದು ನಿಲ್ಲುತ್ತದೆ. ಅದೇ ಕೈ, ಅದೇ ಚರ್ಮ, ಅದೇ ಪೌಳಿ, ಆದರೆ ಬಾರಿಸುವುದು ಕ್ಯಾಮೆರಾಕ್ಕೆ. ಸಾಕ್ಷ್ಯಚಿತ್ರದ ಮೊದಲ ಹೆಜ್ಜೆಯಲ್ಲೇ ಈ ತೊಡಕಿದೆ. 1922ರ ‘ನಾನೂಕ್ ಆಫ್ ದಿ ನಾರ್ತ್’ ಚಿತ್ರಕ್ಕಾಗಿ ರಾಬರ್ಟ್ ಫ್ಲಾಹರ್ಟಿ ಬೆಳಕು ಸಾಲದೆಂದು ಅರ್ಧ ಕತ್ತರಿಸಿದ ಹಿಮದ ಮನೆಯಲ್ಲಿ ಸಂಸಾರವನ್ನು ಮಲಗಿಸಿದರು. ಆ ಮನುಷ್ಯನ ಹೆಸರೂ ನಾನೂಕ್ ಅಲ್ಲ, ಅಲ್ಲಾಕರಿಯಲ್ಲಾಕ್. ಚಿತ್ರ ದೊಡ್ಡದು, ನಾನು ಅಲ್ಲಗಳೆಯುವುದಿಲ್ಲ. ಆ ಹಿಮದ ಮನೆ ಮಾತ್ರ ಚಳಿಗೆ ಕಟ್ಟಿದ್ದಲ್ಲ, ಲೆನ್ಸಿಗೆ ಕಟ್ಟಿದ್ದು.

ಇಲ್ಲಿ ಎರಡು ಮಾತು ಮರೆಮಾಚದೆ ಹೇಳಬೇಕು. ಮಾವನೇ ಎಚ್ಚರಿಸಿದರು: ಜೈಮಿನಿ ಹೇಳಿದ್ದು ವೈದಿಕ ಯಾಗಕ್ಕೆ, ದೇವಾಲಯದ ಪೂಜೆ ನಡೆಯುವುದು ಆಗಮದಂತೆ. ಅಲ್ಲಿ ಈಶ್ವರ ವಿಭಕ್ತಿಯಲ್ಲ, ಎದುರಿಗೆ ಕೂತವನು, ಕೇಳುವವನು. ಅಜ್ಜನೂ ಹಾಗೇ ನಂಬಿದ್ದರು. ಎರಡನೆಯದು ಇದಕ್ಕಿಂತ ಭಾರದ್ದು. ಪ್ರತಿನಿಧಿಯ ವಿಚಾರ ಬರುವ ಆರನೆಯ ಅಧ್ಯಾಯ ಅಧಿಕಾರಾಧ್ಯಾಯ. ಅದರ ಮೊದಲ ಪಾದದಲ್ಲೇ ಶೂದ್ರರಿಗೆ ಯಾಗದ ಅಧಿಕಾರವಿಲ್ಲ ಎಂಬ ತೀರ್ಮಾನವಿದೆ. ಬಾದರಿ ಎಂಬ ಆಚಾರ್ಯರು ಎಲ್ಲರಿಗೂ ಇದೆ ಎಂದು ವಾದಿಸಿದ್ದನ್ನು ಸೂತ್ರ ದಾಖಲಿಸಿದೆ, ಒಪ್ಪಿಲ್ಲ. ಯಾವ ಗ್ರಂಥ ಅಜ್ಜನಂಥವರನ್ನು ಕಂಬದ ಮರೆಗೆ ಕಳಿಸಿತೋ ಅದರಿಂದಲೇ ಅಜ್ಜನ ನಗಾರಿಯ ಬೆಲೆ ತಿಳಿದುಕೊಂಡೆ. ಬಾದರಿಯ ಮಾತೇ ಸರಿ ಎಂದು ನಾನು ನಂಬುತ್ತೇನೆ. ಆ ರಾತ್ರಿಯ ಹನ್ನೊಂದು ನಿಮಿಷದಲ್ಲಿ ಅಜ್ಜ ಬದಲಿಗೆ ಸಿಗುವ ಋತ್ವಿಜರಾಗಿರಲಿಲ್ಲ. ಬದಲಿ ಇಲ್ಲದ ಯಜಮಾನರೇ ಆಗಿದ್ದರು.

2022ರ ಆಷಾಢದಲ್ಲಿ ಅಜ್ಜ ತೀರಿಕೊಂಡರು. ನಾನು ಹೋಗಿದ್ದೆ. ರೆಕಾರ್ಡರ್ ತೆಗೆದುಕೊಂಡು ಹೋಗಿರಲಿಲ್ಲ.

ಚಿತ್ರ ಮರುವರ್ಷ ಮುಗಿಯಿತು. ಹರಿದ ಶಬ್ದವನ್ನೇ ಇಟ್ಟಿದ್ದೇನೆ. ಹನ್ನೊಂದು ನಿಮಿಷವೂ ಇದೆ, ಒಂದು ಪೆಟ್ಟೂ ತೆಗೆದಿಲ್ಲ, ತಿದ್ದಿಲ್ಲ. ಮೊದಲ ಪೆಟ್ಟಿಗೆ ಮುಂಚೆ, ಲೆವೆಲ್ ಮೇಲಿದ್ದದ್ದರಿಂದಲೇ, ಒಳಗಿನ ಕೈಗಂಟೆಯ ನಾಲಿಗೆ ಸುಮ್ಮನೆ ಒಮ್ಮೆ ತಾಗಿದ್ದು ಸ್ಪಷ್ಟವಾಗಿ ಕೇಳುತ್ತದೆ. ಅದನ್ನು ನಾನು ಗಮನಿಸಿದ್ದು ಬಹಳ ತಡವಾಗಿ. ಲೆವೆಲ್ ಸರಿಯಾಗಿ ಇಟ್ಟಿದ್ದರೆ ಅದು ಬರುತ್ತಿರಲಿಲ್ಲ. ಶಿವಮೊಗ್ಗದಲ್ಲಿ ತೋರಿಸಿದಾಗ ಇಬ್ಬರು ಮೂವರು ಕಿವಿ ಮುಚ್ಚಿಕೊಂಡರು. ಅಜ್ಜನ ಹಿರಿಯ ಮಗ ಮುಂದಿನ ಸಾಲಿನಲ್ಲಿದ್ದರು, ಮುಚ್ಚಿಕೊಳ್ಳಲಿಲ್ಲ.

ಈಗ ಈ ಕೆಲಸಕ್ಕೆ ಬರುತ್ತಿರುವ ಹುಡುಗ ಹುಡುಗಿಯರು ನನ್ನ ಹತ್ತಿರ ಬರುತ್ತಾರೆ, ಯಾವ ಮೈಕು ಒಳ್ಳೆಯದು ಎಂದು ಕೇಳುತ್ತಾರೆ. ಮೈಕಿನ ವಿಷಯ ಹೇಳುತ್ತೇನೆ. ಜೊತೆಗೆ ಒಂದನ್ನು ಕೇಳಿಕೊಳ್ಳುತ್ತೇನೆ, ಇಲ್ಲಿಯೂ ಕೇಳಿಕೊಳ್ಳುತ್ತಿದ್ದೇನೆ: ನೀವು ಹಿಡಿದು ತಂದ ಅಳು, ಪ್ರಾರ್ಥನೆ, ಜೋಗುಳ, ಬೈಗುಳ ಯಾವುದೇ ಇರಲಿ, ಫೈಲಿಗೆ ಹೆಸರಿಡುವಾಗ ಅದು ಯಾರದ್ದು, ಯಾರಿಗೆ ಎಂದು ಬರೆಯಿರಿ. ಯಾರಿಗೆ ಎಂಬುದು ತಿಳಿಯದಿದ್ದರೆ ವಾಪಸು ಹೋಗಿ ಕೇಳಿ. ಕೇಳಲು ಸಂಕೋಚವಾದರೆ ಅದನ್ನು ಬಳಸಬೇಡಿ.

‘ಅಳು, ಹೆಂಗಸು, ದೂರ, 3’ ಈಗ ನನ್ನ ಹತ್ತಿರ ಇಲ್ಲ. ಚಿಕ್ಕಮ್ಮ ಬೇಕು ಅಂದರು. ಅವರ ಮೊಮ್ಮಗಳ ಫೋನಿಗೆ ಹಾಕಿಕೊಟ್ಟು ನನ್ನಲ್ಲಿದ್ದ ಪ್ರತಿಗಳನ್ನೆಲ್ಲ ಅಳಿಸಿದೆ. ಹನ್ನೊಂದು ಸಿನಿಮಾಗಳಿಂದ ಅದನ್ನು ತೆಗೆಯಲು ನನ್ನಿಂದ ಆಗುವುದಿಲ್ಲ.